ಬೆಂಚಕ್ಕನ ಸರದಿ

ಕಾಲವರ್ಗ ಕಚೇರಿಯಲ್ಲಿ ಅವಳಿಗೆ ಬೆಂಚಕ್ಕ ಎಂದೇ ಹೆಸರು. ಅಪ್ಪ ಅಮ್ಮ ಇಟ್ಟ ಹೆಸರೊಂದು ಇದ್ದೇ ಇತ್ತು, ಆದರೆ ಹಾಗೆ ಕರೆಯುವವರು ಯಾರೂ ಉಳಿದಿರಲಿಲ್ಲ. ಮನೆಯಲ್ಲಿ ಗಂಡ 'ಇವಳೇ' ಎನ್ನುತ್ತಿದ್ದ, ಅತ್ತೆ 'ಲೇ' ಎನ್ನುತ್ತಿದ್ದರು. ಕಚೇರಿಯಲ್ಲಿ ಏನು ಕೆಲಸ ಎಂದು ಬೀದಿಯವರು ಕೇಳಿದರೆ 'ಕಸ ಗುಡಿಸ್ತೀನಿ' ಎಂದು ಮಾತು ಮುಗಿಸುತ್ತಿದ್ದಳು. ಕಸ ಗುಡಿಸುವವಳನ್ನು ಯಾರೂ ಎರಡನೇ ಪ್ರಶ್ನೆ ಕೇಳುವುದಿಲ್ಲ, ನಮ್ಮ ಜನ ಅಷ್ಟು ಸಭ್ಯರು.

ನಿಜವಾಗಿ ಅವಳ ಕೆಲಸ ಕೂರುವುದು. ಕಚೇರಿಯಲ್ಲಿ ಒಂದು ಉದ್ದನೆಯ ಪಡಸಾಲೆ, ಗೋಡೆಗೆ ಒತ್ತಿಸಿದ ಎರಡು ಬೆಂಚು, ಒಂದು ಗಡಿಯಾರ, ಕೊನೆಯಲ್ಲಿ ಹಸಿರು ಬಾಗಿಲು. ಪರೀಕ್ಷೆ ಆ ಬಾಗಿಲ ಒಳಗೆ ನಡೆಯುತ್ತದೆ ಎಂದು ಬಂದವರೆಲ್ಲ ನಂಬಿರುತ್ತಿದ್ದರು. ಒಳಗೆ ಸಾಹೇಬರು ಕಣ್ಣಿಗೆ ಟಾರ್ಚು ಬಿಡುತ್ತಿದ್ದರು, ನಿನ್ನೆ ಏನು ಊಟ ಮಾಡಿದಿರಿ ಎಂದು ಕೇಳುತ್ತಿದ್ದರು. ಅದೆಲ್ಲ ಬರೀ ನಾಟಕ. ಪರೀಕ್ಷೆ ನಡೆಯುತ್ತಿದ್ದದ್ದು ಹೊರಗೆ, ಬೆಂಚಿನ ಮೇಲೆ. 'ಸ್ವಲ್ಪ ಕೂತಿರಿ' ಎಂದು ಜವಾನ ಹೇಳಿದ ಗಳಿಗೆಯಿಂದ ಅದು ಶುರು. ತಾನೂ ಸರದಿಗೆ ಬಂದವಳಂತೆ, ಮಡಿಲಲ್ಲಿ ಹಳೆಯ ಅಂಗಿ ಇಟ್ಟುಕೊಂಡು ಗುಂಡಿ ಹೊಲಿಯುತ್ತಾ ಪಕ್ಕದಲ್ಲಿ ಕೂತಿರುವ ಹೆಂಗಸೇ ಪರೀಕ್ಷಕಿ. ಹೊಲಿದ ಗುಂಡಿಯನ್ನೇ ಕತ್ತರಿಸಿ ಮತ್ತೆ ಹೊಲಿಯುತ್ತಿದ್ದಳು. ಇಷ್ಟು ವರ್ಷದಲ್ಲಿ ಅದನ್ನು ಒಬ್ಬರೂ ಗಮನಿಸಿರಲಿಲ್ಲ.

ಆ ಕಚೇರಿಯ ಲೆಕ್ಕದಲ್ಲಿ ನೋವು ನಲಿವು ತಿಳಿಯುವ ಜೀವಗಳಿಗೆಲ್ಲ ನಾಲ್ಕೇ ವರ್ಗ, ಕಾಲದ ಜೊತೆ ಯಾರಿಗೆ ಎಂಥ ನಂಟು ಎಂಬುದರ ಮೇಲೆ. ಹಿಂದಿನದನ್ನು ನೆನೆದು ಮುಂದಿನದಕ್ಕೆ ಚಡಪಡಿಸುವವರು ಹೊಳೆಯವರು; ನೀವು, ನಾವು, ತರಕಾರಿಯವನು, ಕೆಲವು ನಾಯಿಗಳು. ಈಗ ಎಂಬುದನ್ನು ಬಿಟ್ಟರೆ ಬೇರೇನೂ ಇಲ್ಲದವರು ಹನಿಯವರು. ಎಳೆಗೂಸು, ಕೋಳಿ, ಮೀನು. ಬರುವುದನ್ನು ಬರುವ ಮೊದಲೇ ತಿಳಿಯುವವರು ಸೆಲೆಯವರು. ಇರುವೆ, ಕಾಗೆ, ಅಪರೂಪಕ್ಕೆ ಯಾರೋ ಒಬ್ಬ ಮುದುಕಿ. ಕಾಲ ಎಲ್ಲೋ ಒಂದು ಕಡೆ ನಿಂತುಬಿಟ್ಟು ಅದೇ ದಿನದೊಳಗೆ ಸುತ್ತುವವರು ಕೆರೆಯವರು. ಜನ ಇದನ್ನು ತಮಾಷೆಗೂ ಬಳಸುತ್ತಿದ್ದರು. ಸೋಮಾರಿ ಅಳಿಯನನ್ನು 'ನಮ್ಮ ಹನಿ' ಎನ್ನುವುದು, ಹಳೇ ಜಗಳ ಕೆದಕುವ ನಾದಿನಿ ಬಂದರೆ 'ಕೆರೆ ಬಂತು, ದಾರಿ ಬಿಡಿ' ಎನ್ನುವುದು. ಸ್ವಂತ ಮನೆಗೆ ಪರೀಕ್ಷೆಯ ಕರೆ ಬಂದ ದಿನ ತಮಾಷೆ ನಿಲ್ಲುತ್ತಿತ್ತು. ಹೊಳೆ ಎಂದಾದರೆ ಬದುಕು ಮೊದಲಿನ ಹಾಗೇ. ಕೆರೆ ಎಂದಾದರೆ ಅದೇ ದಿನ ಊರಾಚೆಯ ಕೆರೆಮನೆಗೆ. ಅಲ್ಲಿ ಗಡಿಯಾರವಿಲ್ಲ, ಕ್ಯಾಲೆಂಡರಿಲ್ಲ, ಮನೆಯವರು ನೋಡಲು ಹೋಗುವಂತಿಲ್ಲ. ಹೊಳೆಯವರು ಒಳಗೆ ಕಾಲಿಟ್ಟರೆ ಕೆರೆ ಕಲಕುತ್ತದಂತೆ. ಕಚೇರಿಯವರ ಬಾಯಲ್ಲಿ ಮಾತಿಗೇನು ಬರ?

ಕಾಯುವಾಗ ಹೊಳೆಯವರು ಬಾಗಿಲು ನೋಡುತ್ತಾರೆ, ಗಡಿಯಾರ ನೋಡುತ್ತಾರೆ, ಕಾಲು ಅಲ್ಲಾಡಿಸುತ್ತಾರೆ. ಅಷ್ಟಕ್ಕೇ ತೀರ್ಮಾನ ಆಗುತ್ತಿರಲಿಲ್ಲ. ಕೊನೆಯ ಒರೆಗಲ್ಲು ತಡವಣ್ಣ. ಎಲ್ಲರಿಗಿಂತ ತಡವಾಗಿ ಬಂದು ಎಲ್ಲರಿಗಿಂತ ಮೊದಲು ಒಳಗೆ ಹೋಗುವುದೇ ಅವನ ಉದ್ಯೋಗ, ಬೈಸಿಕೊಳ್ಳುವುದಕ್ಕೇ ಅವನಿಗೆ ಸಂಬಳ. ಜವಾನ ಅವನನ್ನು ಕರೆದ ಕೂಡಲೇ ಹೊಳೆಯವರಿಗೆ ರೇಗುತ್ತದೆ. ಜಗಳಕ್ಕೆ ನಿಲ್ಲದವರ ಹುಬ್ಬಾದರೂ ಗಂಟಿಕ್ಕುತ್ತದೆ. ಕಾಲವೇ ನಿಂತುಬಿಟ್ಟ ಜೀವಕ್ಕೆ ಸರದಿ ತಪ್ಪಿತೆಂಬುದು ಹೇಗೆ ತಿಳಿಯಬೇಕು? ನಾಟಕದ ಸಿಟ್ಟೂ ಉಂಟು, ಅದು ಅರ್ಧ ಉಸಿರು ತಡವಾಗಿ ಬರುತ್ತದೆ. ಇದನ್ನು ಕಂಡುಹಿಡಿದವಳು ಬೆಂಚಕ್ಕನೇ. ಹೊಸಬರಿಗೆ ಪಾಠ ಹೇಳುವಾಗ ಸಾಹೇಬರು ಇವಳ ಈ ಮಾತನ್ನೇ ಒಪ್ಪಿಸುತ್ತಿದ್ದರು.

ಎಲ್ಲ ಮುಗಿದ ಮೇಲೆ ಜವಾನ ಟೀ ಲೋಟ ಎತ್ತಿಕೊಳ್ಳಲು ಬರುತ್ತಾನೆ. ಆಗ ಪರೀಕ್ಷಕಿ ತನ್ನ ಖಾಲಿ ಲೋಟದೊಳಗೆ ಒಂದು ಅಂಗಿ ಗುಂಡಿ ಬಿಡುತ್ತಾಳೆ. ಬಿಳಿಯದು ಬಿದ್ದರೆ ಹೊಳೆ, ಕರಿಯದು ಬಿದ್ದರೆ ಕೆರೆ; ಹನಿ, ಸೆಲೆಯವರಿಗೆ ಕರೆಯೇ ಬರುವುದಿಲ್ಲ. ಟಿಣ್ ಎಂದು ಒಂದು ಸದ್ದು, ಅಷ್ಟೇ. ಕರಿಯದು ಬಿದ್ದವರನ್ನು ಅದೇ ದಿನ ಇನ್ನೊಮ್ಮೆ ಕೂರಿಸುತ್ತಾರೆ, ಮತ್ತೂ ಕರಿಯದೇ ಬಿದ್ದರೆ ಮುಗಿಯಿತು. ಕರೆ ಬಂದವರಿಗಷ್ಟೇ ಅಲ್ಲ, ಬೆಂಚಿನ ಮೇಲೆ ಕೂತ ಯಾವ ಜೀವಕ್ಕಾದರೂ ಗುಂಡಿ ಹಾಕಬಹುದು ಎಂದು ನಿಯಮವಿತ್ತು. ಬೆಂಚಕ್ಕನೇ ಒಮ್ಮೆ ಹಾಗೆ ಹಾಕಿದ್ದಳು. ತಾಯಿಯನ್ನು ಕರೆತಂದಿದ್ದ ಒಬ್ಬ ಬಡಗಿ, ತಡವಣ್ಣ ಎದುರಿಗೇ ನುಗ್ಗಿದರೂ ಮಂಡಿಯ ಮೇಲೆ ಅಂಗೈ ಇಟ್ಟುಕೊಂಡು ಕಲ್ಲಿನ ಹಾಗೆ ಕೂತಿದ್ದರು. ಎರಡು ಸಲವೂ ಕರಿ ಗುಂಡಿ. ಕೆರೆಮನೆಯ ವ್ಯಾನು ಹತ್ತಿಸುವಾಗ ಅವರು ಹೇಳಿದ್ದು ಒಂದೇ ಮಾತು: "ಮರ ಒಣಗೋವರೆಗೂ ಕಾಯೋ ಕಸುಬಮ್ಮ ನಂದು, ಅಭ್ಯಾಸ ಆಗಿಹೋಗಿದೆ." ಎಲ್ಲರೂ ಏನಾದರೊಂದು ಹೇಳಿಯೇ ಹೇಳುತ್ತಾರೆ ಎಂದು ಬೆಂಚಕ್ಕ ಕಿವಿಗೆ ಹಾಕಿಕೊಳ್ಳಲಿಲ್ಲ.

ಅವಳು ಕೆಟ್ಟವಳಲ್ಲ. ಕೆಲಸದಲ್ಲಿ ಚೊಕ್ಕ, ಅಷ್ಟೇ. ಕೆಟ್ಟವರಿಗಿಂತ ಇಂಥವರೇ ನಮಗೆ ಹೆಚ್ಚು ಭಯ ಹುಟ್ಟಿಸಬೇಕು, ಆದರೆ ಹುಟ್ಟಿಸುವುದಿಲ್ಲ.

ಮನೆಯಲ್ಲಿ ಅವಳಿಗೆ ಇದ್ದದ್ದು ಇಬ್ಬರು. ಗಂಡ ದರ್ಜಿ, ಮುಂದಿನ ಕೋಣೆಯ ಕಿಟಕಿಗೆ ಹೊಲಿಗೆ ಯಂತ್ರ ಹಾಕಿಕೊಂಡು ಇಡೀ ಬೀದಿಯ ಪ್ಯಾಂಟು ಗಿಡ್ಡ ಮಾಡುತ್ತಿದ್ದ. ಹಿಂದಿನ ಕೋಣೆಯಲ್ಲಿ, ಅಡುಗೆಮನೆಯ ಗೋಡೆಗೆ ತಾಗಿದ ಮಂಚದಲ್ಲಿ ಅತ್ತೆ. ಒಂದು ಕಾಲದಲ್ಲಿ ಈ ಅತ್ತೆ ಬಂದರೆಂದರೆ ಬೀದಿ ನಲ್ಲಿಯ ಸಾಲು ತಾನಾಗಿ ನೆಟ್ಟಗಾಗುತ್ತಿತ್ತು. ಯಾರಾದರೂ ಕೊಡ ಮುಂದೆ ಸರಿಸಿದರೆ ಅವರ ಜನ್ಮ ಜಾಲಾಡಿಬಿಡುತ್ತಿದ್ದರು. ಸೊಸೆಯಾಗಿ ಬಂದ ಹೊಸದರಲ್ಲಿ ಬೆಂಚಕ್ಕನಿಗೂ ಬೈಗುಳದ ಪಾಲು ಸಾಕಷ್ಟು ಸಿಕ್ಕಿತ್ತು. ಆದರೆ ಅವಳಿಗೆ ಮಗು ನಿಲ್ಲದೆ ಹೋದಾಗ, ನೆಂಟರ ಮುಂದೆ ಎದೆ ಕೊಟ್ಟು ನಿಂತವರೂ ಇದೇ ಅತ್ತೆ. "ನನ್ನ ಸೊಸೆ ಬಗ್ಗೆ ಮಾತಾಡೋಕೆ ನಿಮಗೇನು ಅಧಿಕಾರ? ಟೀ ಕುಡಿದ್ರಲ್ಲ, ಹೊರಡಿ" ಎಂದು ಲೋಟ ಕಸಿದುಕೊಂಡಿದ್ದರು. ಆ ದಿನದಿಂದ ಬೆಂಚಕ್ಕನಿಗೆ ಅತ್ತೆಯೆಂದರೆ ಜೀವ.

ಇತ್ತೀಚೆಗೆ ಅತ್ತೆಗೆ ಮಧ್ಯಾಹ್ನದ ಹೊತ್ತು ಎಡವಟ್ಟಾಗುತ್ತಿತ್ತು. ಎಂದೋ ತೀರಿಕೊಂಡ ಮಾವ, ಬಟ್ಟೆ ಮಿಲ್ಲಿನಲ್ಲಿ ದುಡಿಯುತ್ತಿದ್ದವರು, ಊಟಕ್ಕೆ ಬರುತ್ತಾರೆಂದು ತಟ್ಟೆ ಇಡುತ್ತಿದ್ದರು. ಬೆಂಚಕ್ಕ ಆ ತಟ್ಟೆಯನ್ನು ಸದ್ದಿಲ್ಲದೆ ಎತ್ತಿಡುತ್ತಿದ್ದಳು, ಗಂಡ ಕಂಡೂ ಕಾಣದವನಂತೆ ಯಂತ್ರ ತುಳಿಯುತ್ತಿದ್ದ. ಹೀಗೇ ನಡೆದುಹೋಗುತ್ತಿತ್ತೇನೋ. ಒಂದು ದಿನ ಅತ್ತೆ ಊಟದ ಡಬ್ಬಿ ಹಿಡಿದುಕೊಂಡು ಮಿಲ್ಲಿನ ಗೇಟಿಗೇ ಹೋಗಿ ಕೂತರು. ಮಿಲ್ಲು ಮುಚ್ಚಿ ಗೋದಾಮಾಗಿ ಎಷ್ಟೋ ಕಾಲವಾಗಿತ್ತು. ಅಲ್ಲಿನ ಕಾವಲುಗಾರ ಕಚೇರಿಗೆ ಸುದ್ದಿ ಮುಟ್ಟಿಸಿದ. ವಾರ ಕಳೆಯುವುದರೊಳಗೆ ಅತ್ತೆಗೆ ಕರೆ ಬಂತು.

ಬೇರೆ ಮನೆಯಾಗಿದ್ದರೆ ಬಾಗಿಲ ಒಳಗಿನ ಪ್ರಶ್ನೆಗಳಿಗೆ ಅಜ್ಜಿಯನ್ನು ತಯಾರು ಮಾಡುತ್ತಿದ್ದರು. ಬೆಂಚಕ್ಕನಿಗೆ ನಿಜ ಗೊತ್ತು, ಗೊತ್ತಿದ್ದೂ ಬಾಯಿ ಬಿಡುವಂತಿಲ್ಲ. ಬೆಂಚಿನ ಗುಟ್ಟು ಹೊರಗೆ ಹಾಕಿದವರ ಮನೆಯವರನ್ನು ಪರೀಕ್ಷೆಯೇ ಇಲ್ಲದೆ ಕೆರೆಗೆ ಸೇರಿಸುತ್ತಾರೆ ಎಂದು ಕೆಲಸಕ್ಕೆ ಸೇರಿದ ದಿನವೇ ಹೇಳಿದ್ದರು.

"ಅಮ್ಮನಿಗೆ ಏನು ಕೇಳ್ತಾರಂತೆ? ನೀನು ಅಲ್ಲೇ ಇರ್ತೀಯಲ್ಲ, ಯಾರ ಬಾಯಿಂದಾದ್ರೂ ತಿಳ್ಕೊಂಡು ಬಾ" ಎಂದ ಗಂಡ.

"ಕಸ ಗುಡಿಸೋಳಿಗೆ ಯಾರು ಹೇಳ್ತಾರ್ರೀ?" ಎಂದಳು ಬೆಂಚಕ್ಕ. ಅವನು ತಲೆ ಮೇಲೆ ಕೈಹೊತ್ತು ಕೂತ. ಗಂಡನ ಮುಖ ನೋಡಲಾರದೆ ಅವಳು ಅಡುಗೆಮನೆಗೆ ಹೋದಳು.

ಗುಟ್ಟು ಬಿಡದೆ ಅತ್ತೆಗೆ ಪಾಠ ಹೇಳಲು ಒಂದು ಸಲ ನೋಡಿದಳು. ಅತ್ತೆ ಬಟ್ಟೆ ಮಡಿಸುತ್ತಿದ್ದರು.

"ಅತ್ತೆ, ನಿಮಗಿಂತ ಆಮೇಲೆ ಬಂದೋರು ನಿಮಗಿಂತ ಮೊದ್ಲು ಒಳಗೆ ಹೋದ್ರೆ ಏನ್ಮಾಡ್ತೀರಿ?"

"ಎಲ್ಲಿಗೆ ಒಳಗೆ?"

"ಎಲ್ಲಿಗೋ. ಒಂದು ಬಾಗಿಲು ಅಂತ ಇಟ್ಕೊಳ್ಳಿ."

"ಹೋಗ್ಲಿ ಬಿಡೇ. ಒಳಗೇನಿದೆ ಅಂತ ನಾನು ಬಡ್ಕೊಳ್ಳಿ? ನಂಗೆ ಅವರ ಊಟದ ಹೊತ್ತಾಯ್ತು."

"ಹಂಗಲ್ಲ ಅತ್ತೆ, ಸಿಟ್ಟು ಬರಲ್ವಾ ನಿಮಗೆ? ನಲ್ಲಿ ಹತ್ರ ಹೆಂಗೆ ಜಗಳ ಆಡ್ತಿದ್ರಿ ನೆನಪಿದ್ಯಾ?"

ಅತ್ತೆ ಸೀರೆಯ ಮಡಿಕೆ ಬಿಟ್ಟು ಸೊಸೆಯ ಮುಖ ನೋಡಿದರು. "ನಲ್ಲಿಗೆ ನೀರು ಬಂತಾ? ಮೊದ್ಲೇ ಹೇಳ್ಬಾರ್ದಾ, ಕೊಡ ತಗೊಂಡು ಬಾ ಹೋಗು" ಎಂದರು. ಬೆಂಚಕ್ಕ ಎದ್ದುಹೋಗಿ ಖಾಲಿ ಕೊಡ ತಂದಿಟ್ಟಳು.

ಅವಳಿಗಿದ್ದ ಒಂದೇ ಆಸೆ, ಆ ದಿನ ಬೆಂಚಿನ ಮೇಲೆ ಪೇಪರಣ್ಣ ಕೂರುತ್ತಾನೆ ಎಂಬುದು. ಪೇಪರಣ್ಣ ಕಚೇರಿಯ ಇನ್ನೊಬ್ಬ ಪರೀಕ್ಷಕ, ಪೇಪರು ಹಿಡಿದು ಕೂರುವವನು, ಮನಸ್ಸು ಮೆತ್ತಗೆ. ಅವನಾದರೆ ಒಂದು ನಿಟ್ಟುಸಿರು ಕಂಡರೂ ಬಿಳಿ ಗುಂಡಿ ಹಾಕಿಯಾನು. ಹಿಂದಿನ ದಿನ ಸಾಹೇಬರು ಆ ಆಸೆಗೂ ಎಳ್ಳುನೀರು ಬಿಟ್ಟರು. "ನಿಮ್ಮ ಮನೆಯವರ ವಿಷಯ ಅಲ್ವಾ ಅಕ್ಕಾ, ಬೇರೆ ಊರಿನ ಕಚೇರಿಯಿಂದ ಕರೆಸಿದೀವಿ. ಅವರಿಗೆ ನೀವು ಯಾರು ಅಂತ ಗೊತ್ತಿಲ್ಲ, ನಿಮಗೂ ಅವರು ಗೊತ್ತಾಗಬಾರ್ದು. ನೀವು ಬರೀ ಸೊಸೆಯಾಗಿ ಬನ್ನಿ" ಎಂದರು. ಸಾಹೇಬರ ದನಿಯಲ್ಲಿ ಕರುಣೆಯಿತ್ತು. ಅದರಿಂದ ಏನೂ ಉಪಯೋಗವಿರಲಿಲ್ಲ.

ಮಾರನೇ ದಿನ ಅತ್ತೆ ಮನೆ ಬಿಟ್ಟು ಹೊರಡಲೊಲ್ಲರು. ಮಧ್ಯಾಹ್ನ ಅವರು ಊಟಕ್ಕೆ ಬಂದರೆ ಬಾಗಿಲು ತೆರೆಯುವವರು ಯಾರು ಎಂದು ಹಟ ಹಿಡಿದರು. ಹೊತ್ತು ಮೀರುತ್ತಿತ್ತು. ಕೊನೆಗೆ ಬೆಂಚಕ್ಕ ಬಾಯಿಗೆ ಬಂದ ಸುಳ್ಳು ಹೇಳಿದಳು.

"ಅತ್ತೆ, ಪರೀಕ್ಷೆ ಇರೋದು ನಂಗೆ. ಒಬ್ಬಳೇ ಹೋಗೋಕೆ ಭಯ ಆಗುತ್ತೆ. ಜೊತೆಗೆ ಬನ್ನಿ."

ಅತ್ತೆ ತಟಕ್ಕನೆ ಎದ್ದು ಸೆರಗು ಸರಿಮಾಡಿಕೊಂಡರು. "ಮೊದ್ಲೇ ಹೇಳ್ಬಾರ್ದಾ ಹಂಗಂತ" ಎಂದು ಊಟದ ಡಬ್ಬಿ ಎತ್ತಿಕೊಂಡರು.

ಪಡಸಾಲೆ ಎಂದಿನಂತೆಯೇ ಇತ್ತು, ಆದರೆ ಬೆಂಚಕ್ಕನಿಗೆ ಅದು ಬೇರೆ ಯಾರದೋ ಜಾಗ ಅನ್ನಿಸಿತು. ಜವಾನ ಗುರುತಿಲ್ಲದವನ ಹಾಗೆ ಇಬ್ಬರನ್ನೂ ನೋಡಿ, "ಸ್ವಲ್ಪ ಕೂತಿರಿ" ಎಂದ. ಅದೇ ಮಾತನ್ನು ಅವಳು ಎಷ್ಟು ಸಾವಿರ ಸಲ ಕೇಳಿದ್ದಳೋ. ಈ ಸಲ ಅತ್ತೆಯ ತೋಳು ಹಿಡಿದು ಬೆಂಚಿಗೆ ಕರೆದೊಯ್ದಳು.

ಎದುರಿನ ಬೆಂಚಿನಲ್ಲಿ ಇಬ್ಬರಿದ್ದರು. ಮಫ್ಲರು ಸುತ್ತಿಕೊಂಡು ಕೆಮ್ಮುತ್ತಿದ್ದ ಒಬ್ಬ ಮುದುಕ, ಸ್ವೆಟರು ಹೆಣೆಯುತ್ತಿದ್ದ ಒಬ್ಬ ನಡುವಯಸ್ಸಿನ ಹೆಂಗಸು. ಇಬ್ಬರಲ್ಲಿ ಒಬ್ಬರು ಪರೀಕ್ಷಕರು, ಇನ್ನೊಬ್ಬರು ಬರೀ ಜಾಗ ತುಂಬಲು ಕಚೇರಿಯವರು ಕೂರಿಸಿದವರು. ಮುದುಕ ಬಾಗಿಲ ಕಡೆ ಒಂದು ಸಲವೂ ನೋಡಲಿಲ್ಲ, ಕೆಮ್ಮೂ ಒಂದೇ ಹದದಲ್ಲಿ ಬರುತ್ತಿತ್ತು. ಇವನೇ ಇರಬೇಕು ಎಂದುಕೊಂಡಳು ಬೆಂಚಕ್ಕ. ಹೆಂಗಸು ಆಗಾಗ ಗಡಿಯಾರ ನೋಡಿ ಲೊಚಗುಟ್ಟುತ್ತಿದ್ದಳು.

ಪಕ್ಕದಲ್ಲಿ ಅತ್ತೆ ಡಬ್ಬಿಯನ್ನು ತೊಡೆಯ ಮೇಲಿಟ್ಟುಕೊಂಡು ನೆಮ್ಮದಿಯಾಗಿ ಕೂತಿದ್ದರು. ಬಾಗಿಲು ನೋಡಲಿಲ್ಲ, ಗಡಿಯಾರ ನೋಡಲಿಲ್ಲ. ಗೋಡೆಯ ಮೇಲೆ ಹರಿಯುತ್ತಿದ್ದ ಒಂದು ಹಲ್ಲಿಯನ್ನು ನೋಡಿ ಮುಗುಳ್ನಕ್ಕರು. ಜವಾನ ಎಲ್ಲರಿಗೂ ಟೀ ಕೊಟ್ಟ. ಹೊತ್ತು ಏರಿತು. ಒಂದು ಸಲ ಕೈ ಹಿಸುಕಿ 'ಅತ್ತೆ, ಬಾಗಿಲು ನೋಡಿ' ಎನ್ನಲೇ ಎಂದುಕೊಂಡಳು ಬೆಂಚಕ್ಕ. ಆದರೆ ಮೊಣಕೈ ತಿವಿಯುವುದು, ಗಂಟಲು ಸರಿಮಾಡಿಕೊಳ್ಳುವುದು, ಕಾಲು ತುಳಿಯುವುದು, ಜನ ಮಾಡುವ ಸನ್ನೆಗಳೆಲ್ಲ ಪರೀಕ್ಷಕರಿಗೆ ಬಾಯಿಪಾಠ. ಅವಳೇ ಎಷ್ಟೋ ಜನರನ್ನು ಹಾಗೆ ಹಿಡಿದಿದ್ದಳು. ತನ್ನ ಒಂದು ಬೆರಳು ಅಲ್ಲಾಡಿದರೂ ಅತ್ತೆಗೆ ಕೇಡು. ಹಾಗಾಗಿ ತುಟಿಪಿಟಕ್ಕೆನ್ನದೆ, ಎರಡೂ ಅಂಗೈಯನ್ನು ಮಂಡಿಯ ಮೇಲೆ ಒತ್ತಿ ಹಿಡಿದು ಕೂತಳು. ಅವಳಿಗೆ ಅದೇನೂ ಕಷ್ಟವಲ್ಲ. ಬೆಂಚಿನ ಮೇಲೆ ಮುಖದಲ್ಲಿ ಏನೂ ತೋರಿಸದೆ ಕೂರುವುದರಲ್ಲಿ ಅವಳದು ಎತ್ತಿದ ಕೈ.

ಹೊರಬಾಗಿಲಲ್ಲಿ ಚಪ್ಪಲಿ ಸದ್ದಾಯಿತು. ತಡವಣ್ಣ ಬಂದ. ಕಂಕುಳಲ್ಲಿ ಛತ್ರಿ, ಮುಖದಲ್ಲಿ ಬೇಕೆಂದೇ ತಂದುಕೊಂಡ ಗತ್ತು. ಅವನು ಕೂರುವ ಮೊದಲೇ ಹಸಿರು ಬಾಗಿಲು ತೆರೆದು ಜವಾನ, "ಬನ್ನಿ ಸಾರ್, ನೀವು ಬನ್ನಿ" ಎಂದ. ತಡವಣ್ಣ ಬೆಂಚುಗಳ ನಡುವಿನಿಂದ ನಡೆದ. ಬೆಂಚಕ್ಕ ಅತ್ತೆಯ ಮುಖವನ್ನೇ ಓರೆಗಣ್ಣಿನಲ್ಲಿ ನೋಡುತ್ತಿದ್ದಳು. ಆ ಹುಬ್ಬು ಒಂದಿಷ್ಟು ಗಂಟಿಕ್ಕಲಿ, ಸಾಕು. ಹುಬ್ಬು ಅಲ್ಲಾಡಲಿಲ್ಲ. ಅತ್ತೆ ತಡವಣ್ಣನ ಛತ್ರಿ ನೋಡಿದರು, ಬಾಗಿಲು ನೋಡಿದರು, ಆಮೇಲೆ ಸೊಸೆಯ ಕಡೆ ತಿರುಗಿದರು.

ಮರುಗಳಿಗೆ ಪಡಸಾಲೆ ನಡುಗಿತು.

"ಏಯ್! ನಿಂತ್ಕೊಳ್ಳೋ ಅಲ್ಲಿ! ನನ್ನ ಸೊಸೆ ಆಗ್ಲಿಂದ ಕೂತಿದಾಳೆ, ಕಣ್ಣು ಕಾಣ್ಸಲ್ವಾ ನಿಂಗೆ? ಈಗ ಬಂದು ಈಗ ಒಳಗೆ ಹೋಗೋಕೆ ಇದೇನು ನಿನ್ನ ಮಾವನ ಮನೆನಾ?" ಅತ್ತೆ ಎದ್ದು ನಿಂತಿದ್ದರು, ಡಬ್ಬಿ ಹಿಡಿದ ಕೈ ಮೇಲೆತ್ತಿದ್ದರು. ಜವಾನನಿಗೂ ಬಿತ್ತು. "ಸರದಿ ಅಂದ್ರೆ ಏನು ಅಂತ ಗೊತ್ತಿಲ್ದೋನ್ನ ಬಾಗಿಲಲ್ಲಿ ನಿಲ್ಸಿದಾರಲ್ಲ, ಅವರಿಗೆ ಹೇಳ್ಬೇಕು ಮೊದ್ಲು!"

ಬೈಸಿಕೊಳ್ಳುವುದೇ ಕಸುಬಾದ ತಡವಣ್ಣ ಕೂಡ ಒಂದು ಹೆಜ್ಜೆ ಹಿಂದೆ ಸರಿದ. ಬೆಂಚಕ್ಕನ ಕಣ್ಣು ತುಂಬಿ ಬಂತು. ತನ್ನ ಸರದಿ ಅತ್ತೆಗೆ ಎಂದೋ ಮರೆತಿತ್ತು, ಸೊಸೆಯ ಸರದಿ ಮರೆತಿರಲಿಲ್ಲ. ಗೆದ್ದೆವು ಎಂದುಕೊಂಡಳು. ಮಂಡಿಯ ಮೇಲಿದ್ದ ಕೈಗಳ ಬೆವರು ಸೀರೆಗೆ ಒರೆಸಿಕೊಂಡಳು.

ಜವಾನ ಲೋಟ ಎತ್ತಿಕೊಳ್ಳಲು ಬಂದ. ಮುದುಕ ಕೆಮ್ಮುತ್ತಾ ಲೋಟ ಕೊಟ್ಟ, ಅದರಲ್ಲಿ ಸದ್ದಾಗಲಿಲ್ಲ. ಹೆಂಗಸು ಹೆಣಿಗೆ ಪಕ್ಕಕ್ಕಿಟ್ಟು ಲೋಟ ಕೊಟ್ಟಳು.

ಟಿಣ್. ಆಮೇಲೆ ಇನ್ನೊಂದು, ಟಿಣ್.

ಬೆಂಚಕ್ಕ ಆಗ ಆ ಸ್ವೆಟರನ್ನು ನೋಡಿದಳು. ಬೆಳಗ್ಗೆ ಎಷ್ಟಿತ್ತೋ ಈಗಲೂ ಅಷ್ಟೇ ಇತ್ತು; ಹೆಣೆದ ಸಾಲನ್ನು ಬಿಚ್ಚಿ ಮತ್ತೆ ಹೆಣೆಯುತ್ತಿದ್ದಳು ಮಹಾತಾಯಿ. ಲೋಟದ ತಳದಲ್ಲಿ ಒಂದು ಬಿಳಿ ಗುಂಡಿ, ಒಂದು ಕರಿ ಗುಂಡಿ. ಕರೆ ಬಂದು ಕೂತವರು ಅತ್ತೆ ಒಬ್ಬರೇ, ಎರಡನೆಯ ಗುಂಡಿ ಯಾರಿಗೆ ಎಂದು ಯೋಚಿಸುತ್ತಲೇ ಬೆಂಚಕ್ಕ ಕೆಳಗೆ ನೋಡಿದಳು. ಅವಳ ಎರಡು ಪಾದಗಳೂ ಬೆಂಚಿನ ಅಡಿಗೆ ಸರಿದಿದ್ದವು. ತಡವಣ್ಣ ದಾಟುವಾಗ ಅವನ ಕಾಲಿಗೆ ತಾಗಬಾರದೆಂದು ದಿನಾ ಹಾಗೆ ಒಳಗೆಳೆದುಕೊಳ್ಳುತ್ತಿದ್ದಳು. ಅತ್ತೆ ಊರು ಒಂದು ಮಾಡುತ್ತಿದ್ದಾಗ, ಸರದಿ ತಪ್ಪಿದ ಸೊಸೆ ಕಣ್ಣೂ ಮಿಟುಕಿಸದೆ, ಸರದಿ ತಪ್ಪಿಸಿದವನಿಗೇ ದಾರಿ ಬಿಟ್ಟುಕೊಟ್ಟು ಕೂತಿದ್ದಳು.

ಸಾಹೇಬರೇ ಹೊರಗೆ ಬಂದರು. "ಅಜ್ಜಿ, ನೀವು ಹೊಳೆಯವರು. ಮನೆಗೆ ಹೋಗಬಹುದು" ಎಂದರು. ಆಮೇಲೆ ನೆಲ ನೋಡುತ್ತಾ, "ಸೊಸೆಯವರು ಸ್ವಲ್ಪ ಕೂತಿರಿ" ಎಂದರು.

ಬೆಂಚಕ್ಕ ಎದ್ದು ಅವರ ಹತ್ತಿರ ಹೋದಳು. "ಸಾರ್, ನಿಮಗೆ ಗೊತ್ತಲ್ಲ, ಅದು ನನ್ನ ಕೆಲಸದ ಅಭ್ಯಾಸ. ಅವರಿಗೆ ಹೇಳಿ ಸಾರ್" ಎಂದಳು ಮೆಲ್ಲಗೆ.

"ಅಭ್ಯಾಸ ಅಂತ ಎಲ್ಲರೂ ಹೇಳ್ತಾರೆ ಅಕ್ಕಾ. ನೀವು ಯಾರದ್ದಾದ್ರೂ ಕೇಳಿದ್ರಾ? ಗುಂಡಿ ಬಿದ್ದ ಮೇಲೆ ನನ್ನ ಕೈಲೇನಿದೆ? ಇನ್ನೊಂದು ಸಲ ಕೂತ್ಕೊಳ್ಳಿ. ನಿಮಗೆ ಹೇಳ್ಕೊಡ್ಬೇಕಾ?" ಸಾಹೇಬರು ಬೇಗ ಬೇಗ ಒಳಗೆ ಹೋದರು.

ಅತ್ತೆ ಮನೆಗೆ ಹೋಗಲಿಲ್ಲ. "ಇವಳನ್ನ ಬಿಟ್ಟು ಹೆಂಗೆ ಹೋಗ್ಲಿ" ಎಂದು ಪಕ್ಕದಲ್ಲೇ ಕೂತು ಸೊಸೆಯ ಕೈ ಹಿಡಿದುಕೊಂಡರು. ಎದುರಿಗೆ ಹೆಣಿಗೆಯ ಕಡ್ಡಿಗಳು ಟಕಟಕ ಎನ್ನುತ್ತಿದ್ದವು. ಇನ್ನು ಸ್ವಲ್ಪ ಹೊತ್ತಿಗೆ ತಡವಣ್ಣ ಮತ್ತೆ ಬರುತ್ತಾನೆ. ಜವಾನ ಅವನನ್ನು ಕರೆಯುತ್ತಾನೆ. ಆಗ ರೇಗಬೇಕು. ಅಷ್ಟೇ, ನೀರು ಕುಡಿದಷ್ಟು ಸುಲಭ. ಬೆಂಚಕ್ಕ ಬಾಗಿಲು ನೋಡಿದಳು, ಗಡಿಯಾರ ನೋಡಿದಳು, ಕಾಲು ಅಲ್ಲಾಡಿಸಿದಳು, ಇದೆಲ್ಲ ನಾಟಕವೆಂದು ಎದುರಿನವಳಿಗೆ ಗೊತ್ತಾಗುತ್ತಿದೆ ಎಂಬುದೂ ಅವಳಿಗೆ ಗೊತ್ತಿತ್ತು. ಸಿಟ್ಟನ್ನು ಎಲ್ಲಿಂದಲಾದರೂ ತರಬೇಕೆಂದು ಒಳಗೆಲ್ಲ ಹುಡುಕಿದಳು. ಸಾಹೇಬರ ಮೇಲೆ, ಆ ಕಾವಲುಗಾರನ ಮೇಲೆ, ಹೆಣಿಗೆಯವಳ ಮೇಲೆ. ಸಿಕ್ಕಿದ್ದು ಭಯ ಮಾತ್ರ. ಮಂಡಿಯ ಮೇಲೆ ಅಂಗೈ ಇಟ್ಟ ಆ ಬಡಗಿಯ ನೆನಪು ಬೇರೆ ಬಿಡದೆ ಬರುತ್ತಿತ್ತು.

ಚಪ್ಪಲಿ ಸದ್ದು. ತಡವಣ್ಣ ಅವಳ ಕಡೆ ನೋಡದೆ ನಡೆದ. "ಬನ್ನಿ ಸಾರ್" ಎಂದ ಜವಾನ.

ಬೆಂಚಕ್ಕ ದಡಕ್ಕನೆ ಎದ್ದಳು. "ರೀ! ನನ್ನ ಸರದಿ ಅದು!" ಎಂದು ಕಿರುಚಿದಳು. ಗಂಟಲು ಕಿತ್ತು ಬರುವ ಹಾಗೆ ಕಿರುಚಿದಳು. ಎದುರಿನ ಹೆಂಗಸು ತಲೆ ಎತ್ತಲಿಲ್ಲ, ಹೆಣಿಗೆಯ ಒಂದು ಸಾಲು ಮೆಲ್ಲಗೆ ಬಿಚ್ಚಿದಳು. ಕೂಗು ಬಾಯಿಂದ ಹೊರಟ ಗಳಿಗೆಯಲ್ಲೇ ಬೆಂಚಕ್ಕನಿಗೆ ತಿಳಿದಿತ್ತು, ಅದು ಅರ್ಧ ಉಸಿರು ತಡವಾಗಿತ್ತು.

ಈ ಸಲ ಲೋಟದಲ್ಲಿ ಒಂದೇ ಸದ್ದಾಯಿತು.

ದರ್ಜಿಗೆ ಸುದ್ದಿ ಮುಟ್ಟುವ ಹೊತ್ತಿಗೆ ವ್ಯಾನು ಊರು ದಾಟಿತ್ತು. ಅವನು ಸಾಹೇಬರ ಕಾಲಿಗೆ ಬಿದ್ದ, ಕಚ್ಚೆ ಕಟ್ಟಿಕೊಂಡು ಮೇಲಿನ ಕಚೇರಿಗಳಿಗೆಲ್ಲ ಅಲೆದ. ಎಲ್ಲ ಕಡೆಯೂ ಅವನಿಗೆ 'ಸ್ವಲ್ಪ ಕೂತಿರಿ' ಎಂದರು.

ಕೆರೆಮನೆಯ ಕೋಣೆ ಚೊಕ್ಕಟವಾಗಿತ್ತು. ಬಿಳಿ ಗೋಡೆ, ಎತ್ತರದಲ್ಲಿ ಕಿಟಕಿ, ಗೋಡೆಗೆ ಒತ್ತಿಸಿದ ಬೆಂಚು. ಬೆಂಚಿನಲ್ಲಿ ಒಬ್ಬ ಗಂಡಸು ಮಂಡಿಯ ಮೇಲೆ ಅಂಗೈ ಇಟ್ಟುಕೊಂಡು ಕೂತಿದ್ದರು. ಬೆಂಚಕ್ಕ ಒಳಗೆ ಬಂದಾಗ ಸರಿದು ಜಾಗ ಬಿಟ್ಟರು.

"ಅವತ್ತು ನನ್ನ ಪಕ್ಕ ಅಂಗಿಗೆ ಗುಂಡಿ ಹೊಲೀತಾ ಕೂತಿದ್ರಲ್ಲ, ನೀವೇ ಅಲ್ವಾ ಅಮ್ಮ? ನೀಲಿ ಅಂಗಿ" ಎಂದರು ಬಡಗಿ. "ನಿಮ್ಮ ಸರದಿ ಈಗ ಬಂತಾ? ಪಾಪ, ತುಂಬಾ ಕಾಯಿಸ್ಬಿಟ್ರು."

ಕೆರೆಯವರಿಗೆ ಎಷ್ಟು ಕಾಲ ಕಳೆಯಿತೆಂದು ತಿಳಿಯುವುದಿಲ್ಲ; ಇವರಿಗೆ ಅಂಗಿಯ ಬಣ್ಣವೂ ನೆನಪಿತ್ತು, ಕಾದ ಹೊತ್ತೂ ಗೊತ್ತಿತ್ತು. ಬೆಂಚಕ್ಕ ಅವರ ಮುಖ ನೋಡಲಾಗದೆ ಗೋಡೆಯ ಕಡೆ ತಿರುಗಿ ಕೂತಳು. ಅಲ್ಲಿ ಅವಳು ಎಷ್ಟು ದಿನ ಹಾಗೇ ಕೂತಿದ್ದಳೋ, ಗಡಿಯಾರವಿಲ್ಲದ ಮನೆ, ಯಾರು ಹೇಳಬೇಕು? ಊಟ ಕೊಟ್ಟರೆ ಉಂಡಳು, ಬಾ ಎಂದರೆ ಬಂದಳು. ಕ್ರಮೇಣ ಅವಳಿಗೇ ಅನ್ನಿಸತೊಡಗಿತು, ಹೆಣಿಗೆಯವಳು ಸರಿಯಾಗೇ ನೋಡಿದ್ದಳೇನೋ, ತಾನು ಎಂದೋ ಕೆರೆಯಾಗಿದ್ದೆನೇನೋ.

ಒಂದು ಮಧ್ಯಾಹ್ನ ಹೊರಗಿನ ಗೇಟಿನಲ್ಲಿ ಗಲಾಟೆಯಾಯಿತು.

"ನಾನು ಆಗ್ಲಿಂದ ಇಲ್ಲಿ ನಿಂತಿದೀನಿ, ಆ ಹಾಲಿನೋನು ಈಗ ಬಂದ, ಅವನನ್ನ ಹೆಂಗೋ ಒಳಗೆ ಬಿಟ್ಟೆ?"

"ಅಜ್ಜಿ, ದಿನಾ ಇದೇ ಆಯ್ತಲ್ಲ ನಿಮ್ದು. ಒಳಗೆ ಬಿಡೋಹಾಗಿಲ್ಲ, ಹೋಗಿ."

"ಅಮ್ಮ, ಬಾಮ್ಮ ಹೋಗೋಣ" ಎಂಬ ದರ್ಜಿಯ ದನಿ.

"ಸುಮ್ನಿರೋ ನೀನು! ಒಳಗೆ ನನ್ನ ಸೊಸೆ ಇದಾಳೆ. ಅವಳದಿನ್ನೂ ಊಟ ಆಗಿಲ್ಲ. ಡಬ್ಬಿ ಆರಿಹೋಗ್ತಿದೆ, ಗೇಟು ತೆಗಿಯೋ!"

ಬೆಂಚಕ್ಕ ಬಾಗಿಲ ಕಡೆ ನೋಡಿದಳು. ಅವಳಿಗೇ ತಿಳಿಯದಂತೆ ನೋಡಿದ್ದಳು. ದಿನಾ ಬರುತ್ತಿದ್ದಾರಂತೆ, ಬಿಸಿಲಲ್ಲಿ ನಿಲ್ಲಿಸುತ್ತಿದ್ದಾರೆ, ಹಾಲಿನವನನ್ನು ಮೊದಲು ಬಿಟ್ಟಿದ್ದಾರೆ. ಅಂಗಾಲಿನಿಂದ ನೆತ್ತಿಯವರೆಗೆ ಸಿಟ್ಟು ಉರಿದುಕೊಂಡು ಬಂತು. ಅರ್ಧ ಉಸಿರೂ ತಡವಾಗಲಿಲ್ಲ. ಎದ್ದು ಓಡಿದವಳೇ ಎರಡೂ ಕೈಯಲ್ಲಿ ಬಾಗಿಲು ಬಡಿದಳು.

"ಯಾರ್ರೀ ಅದು ಗೇಟಲ್ಲಿ? ಅವರೇ ಮೊದ್ಲು ಬಂದಿದ್ದು! ಮೊದ್ಲು ಅವರನ್ನ ಬಿಡ್ರಿ!"

ಅದನ್ನು ನೋಡಿ ಬಿಳಿ ಗುಂಡಿ ಹಾಕುವವರು ಅಲ್ಲಿ ಯಾರೂ ಇರಲಿಲ್ಲ. ಬಡಗಿ ಬೆಂಚು ಬಿಟ್ಟು ಎದ್ದು ಬಂದು, ಅವಳ ಪಕ್ಕದಲ್ಲಿ ನಿಂತು, ತಾವೂ ಬಾಗಿಲು ಬಡಿಯತೊಡಗಿದರು.